ಹುಡುಗ ಒಳ್ಳೆಯವನೇ, ಆದರೆ ನನಗೆ ಊರು ಬಿಡೋಕೆ ಇಷ್ಟ ಇಲ್ಲ. ಮನೇಲಿ ಹೇಗೆ ಹೇಳೋದು?

ಸೊಪ್ಪಿನ ತೋಟ (ಶಿಡ್ಲಘಟ್ಟ ತಾಲ್ಲೂಕು) ಕೇಳಿದ್ದು:

ಮೊದಲೇ ಹೇಳಿಬಿಡ್ತೀನಿ, ಇದು ಲವ್ ವಿಷಯ ಅಲ್ಲ. ಬಂದ ಸಂಬಂಧಕ್ಕೆ ಹುಡುಗಿ ತಕ್ಷಣ ಹೂಂ ಅನ್ನದಿದ್ದರೆ ನಮ್ಮ ಕಡೆ ಕೇಳೋದು ಒಂದೇ, "ಯಾರನ್ನಾದ್ರೂ ನೋಡ್ಕೊಂಡಿದೀಯಾ?" ನಮ್ಮ ಚಿಕ್ಕಮ್ಮ ನನ್ನ ಫೋನೇ ಇಸ್ಕೊಂಡು ಜಾಲಾಡಿದರು. ಸಿಕ್ಕಿದ್ದು ತುಕ್ರಾ ರೋಗ ಬಂದ ಹಿಪ್ಪುನೇರಳೆ ಸೊಪ್ಪಿನ ಫೋಟೋಗಳು, ರೇಷ್ಮೆ ಗೂಡಿನ ರೇಟು ಬರೋ ವಾಟ್ಸಾಪ್ ಗ್ರೂಪು, ಹ್ಯೂಮಿಡಿಫೈಯರ್‌ದೊಂದು ಕೊಟೇಶನ್. ಅದನ್ನ ನೋಡಿ ಅವರಿಗೆ ಸಮಾಧಾನ ಆಗೋದಿರಲಿ, ಇನ್ನೂ ಗಾಬರಿ ಆಯ್ತು.

ನನಗೆ 25. ಅಪ್ಪ, ಅಮ್ಮ, ಅಜ್ಜಿ, ತಮ್ಮ. ತಮ್ಮ ಬೆಂಗಳೂರಲ್ಲಿ ಡಿಪ್ಲೊಮಾ ಕೊನೇ ವರ್ಷ, ಹುಳದ ಮನೆ ಬಾಗಿಲಿಗೆ ಬಂದರೆ ಮೂಗು ಮುಚ್ಕೊಳ್ಳೋನು. ಜಮೀನು ಎರಡೂವರೆ ಎಕರೆ. ಒಂದೂವರೆ ಎಕರೇಲಿ ವಿ-1 ತಳಿ ಹಿಪ್ಪುನೇರಳೆ ಸೊಪ್ಪು, ಉಳಿದಿದ್ದರಲ್ಲಿ ಮಳೆ ಬಂದರೆ ರಾಗಿ. ಒಂದು ಬೋರ್, ಅದೂ ಬೇಸಿಗೇಲಿ ಬಿಟ್ಟು ಬಿಟ್ಟು ನೀರು ಕೊಡುತ್ತೆ.

ನಾನು ಓದಿದ್ದು ಚಿಂತಾಮಣಿಯ ರೇಷ್ಮೆ ಕೃಷಿ ಕಾಲೇಜಲ್ಲಿ. ಸೀಟು ಸಿಕ್ಕಿದ್ದು ಕೃಷಿಕರ ಕೋಟಾದಲ್ಲಿ. ಅವತ್ತು ಅಪ್ಪ ತಹಶೀಲ್ದಾರ್ ಆಫೀಸಿಗೆ ಅಲೆದು ಸರ್ಟಿಫಿಕೇಟ್ ಮಾಡಿಸಿದರು, ಪಹಣಿ ಜೆರಾಕ್ಸ್ ಹಿಡ್ಕೊಂಡು ನನ್ನ ಜೊತೆ ಬಂದರು, "ರೈತನ ಮಗಳು" ಅಂತ ಎದೆ ಉಬ್ಬಿಸ್ಕೊಂಡು ಹೇಳಿದರು. ಆ ಪಹಣಿ ತೋರಿಸಿ ಓದಿದವಳಿಗೆ ಈಗ ಆ ಹೊಲದಲ್ಲಿ ಕೆಲಸ ಮಾಡ್ತೀನಿ ಅನ್ನೋ ಮಾತು ಮನೇಲಿ ತೆಗೆಯೋ ಹಾಗಿಲ್ಲ.

ನನ್ನಾಸೆ ಚಾಕಿ ಕೇಂದ್ರ. ರೇಷ್ಮೆ ಗೊತ್ತಿಲ್ಲದವರಿಗೆ: ಮೊಟ್ಟೆ ಒಡೆದ ಹುಳ ಕೂದಲೆಳೆ ಥರ ಇರುತ್ತೆ, ಕೈಲಿ ಮುಟ್ಟೋ ಹಾಗಿಲ್ಲ. ಎರಡನೇ ಜ್ವರ (ಹುಳ ಮೇವು ಬಿಟ್ಟು ಪೊರೆ ಕಳಚೋದಕ್ಕೆ ನಾವು ಜ್ವರ ಅಂತೀವಿ) ಏಳೋ ತನಕ ಅದನ್ನ ಒಳ್ಳೆ ಕಾವು, ಒಳ್ಳೆ ತೇವದಲ್ಲಿ ಎಳೇ ಸೊಪ್ಪು ಸಣ್ಣಗೆ ಹೆಚ್ಚಿ ಹಾಕಿ ಸಾಕಬೇಕು. ಅದೇ ಚಾಕಿ. ಒಂದು ವಾರದ ಮೇಲೊಂದೆರಡು ದಿನದ ಕೆಲಸ. ಆಮೇಲೆ ರೈತರು ತಗೊಂಡು ಹೋಗಿ ಗೂಡಾಗೋವರೆಗೂ ಅವರ ಮನೇಲಿ ಸಾಕ್ತಾರೆ. ಚಾಕಿ ಕೆಟ್ಟರೆ ಮುಂದೆ ಎಷ್ಟು ಸೊಪ್ಪು ಸುರಿದರೂ ಗೂಡು ಬರಲ್ಲ. ನಮ್ಮೂರಲ್ಲೂ ಅಕ್ಕಪಕ್ಕದಲ್ಲೂ ಹುಳ ಸಾಕೋರು ಬೇಕಾದಷ್ಟು ಜನ, ಚಾಕಿಗೆ ಮಾತ್ರ ದೂರ ಹೋಗ್ತಾರೆ. ಬೇಸಿಗೇಲಿ ಟೆಂಪೋದಲ್ಲಿ ಬರೋ ಹೊತ್ತಿಗೆ ಹುಳ ಸೊರಗಿರುತ್ತೆ.

ಒಂದು ಸಲ ಮೊಟ್ಟೆ ಬಿಡಿಸೋದನ್ನ ನೋಡಿ, ಆಮೇಲೆ ಮಾತಾಡಿ. ಮೊಟ್ಟೇಲಿ ತಲೆ ಚುಕ್ಕೆ ಕಂಡ ಮೇಲೆ ಹಾಳೆಗಳನ್ನ ಕಪ್ಪು ಬಟ್ಟೇಲಿ ಸುತ್ತಿ ಕತ್ತಲಲ್ಲಿ ಇಡ್ತೀವಿ, ಮುಂದಾದವು ಹಿಂದಾದವು ಎಲ್ಲಾ ಒಂದೇ ಸಮಕ್ಕೆ ಬರಲಿ ಅಂತ. ಸಮಯ ನೋಡಿ ಬೆಳಿಗ್ಗೆ ಬೆಳಕಿಗೆ ಬಿಚ್ಚಿದರೆ ಹಾಳೆ ಪೂರಾ ಕಪ್ಪಗೆ ಹರಿದಾಡೋಕೆ ಶುರು. ಆಗ ಸೊಪ್ಪು ಉದುರಿಸಬೇಕು. ಅರ್ಧ ಗಂಟೆ ತಡ ಆದರೂ ನನಗೆ ಹೊಟ್ಟೆ ಉರಿಯುತ್ತೆ. ಕಾಲೇಜಲ್ಲಿ ಇದನ್ನ ಮಾಡುವಾಗ ಜೊತೆಗಿದ್ದವರು ಬ್ಯಾಂಕ್ ಪರೀಕ್ಷೆ, ಎಫ್‌ಡಿಎ ಪುಸ್ತಕ ಓದೋರು. ನಾನು ಹುಮ್ಮಸ್ಸಲ್ಲಿ ಥರ್ಮಾಮೀಟರ್ ನೋಡ್ತಾ ಕೂರ್ತಿದ್ದೆ.

ಈಗ ಸಂಬಂಧದ ವಿಷಯ. ಹುಡುಗ ಯಲಹಂಕದವನು, 29, ಕಂಪನಿ ಕೆಲಸ, ಸ್ವಂತ ಮನೆ, ಮೇಲೆ ಎರಡು ಬಾಡಿಗೆ ಮನೆ. ಜಾತಕ ಕೂಡಿದೆ. "ನಾವೇನೂ ಕೇಳಲ್ಲ, ನಿಮ್ಮ ಮಗಳಿಗೆ ನೀವು ಏನು ಮಾಡ್ತೀರೋ ಮಾಡಿ" ಅಂದಿದ್ದಾರೆ. ಅಂದ್ರೆ ಏನು ಅಂತ ನಿಮಗೆಲ್ಲ ಗೊತ್ತು. ಅಪ್ಪ ಛತ್ರ, ಒಡವೆ, ಊಟ ಎಲ್ಲಾ ಸೇರಿಸಿ 14 ಲಕ್ಷದ ಲೆಕ್ಕ ಹಾಕ್ಕೊಂಡು ಕೂತಿದ್ದಾರೆ. ಅರ್ಧ ಕೈಲಿದೆ, ಅರ್ಧ ಸಾಲ.

ಸುಳ್ಳು ಯಾಕೆ ಹೇಳಲಿ, ಹುಡುಗ ನನಗೂ ಹಿಡಿಸಿದ. ತಗ್ಗಿದ ದನಿ, ಕಾಫಿ ಲೋಟ ತಾನೇ ಒಳಗೆ ತಂದಿಟ್ಟ. ಮಾತಾಡೋಕೆ ಅಂತ ನಮ್ಮಿಬ್ಬರನ್ನ ತೋಟದ ಕಡೆ ಕಳಿಸಿದರು. ನಾನು ಚಾಕಿ ಕೇಂದ್ರದ ವಿಷಯ ಎತ್ತಿದೆ. ಅವನು ನಕ್ಕು, "ಅದಕ್ಕೇನು, ನಮ್ಮ ಟೆರೇಸ್ ಖಾಲಿ ಇದೆ, ಅಲ್ಲೇ ಮಾಡು" ಅಂದ. ಮೂರನೇ ಮಹಡಿ ಟೆರೇಸ್ ಮೇಲೆ ಹಿಪ್ಪುನೇರಳೆ! ಗೇಲಿ ಮಾಡಬೇಕು ಅಂತ ಅಂದಿದ್ದಲ್ಲ, ನಿಜವಾಗಿಯೂ ಸಹಾಯ ಮಾಡೋ ಮನಸ್ಸಿಂದಲೇ ಅಂದ. ನನಗೆ ಏನು ಹೇಳಬೇಕೋ ತೋಚಲಿಲ್ಲ.

ಅಪ್ಪ ಕೆಟ್ಟವರಾಗಿದ್ದರೆ ಜಗಳ ಆಡಬಹುದಿತ್ತು. ಅವರು ಹೇಳೋದು, "ನಾನು ಮಣ್ಣು ಹೊತ್ತಿದ್ದು ಸಾಕು, ನೀನಾದ್ರೂ ನೆರಳಲ್ಲಿರು." ಊರಲ್ಲಿ ಹೊಲ ಇರೋ ಹುಡುಗರಿಗೇ ಹೆಣ್ಣು ಕೊಡ್ತಿಲ್ಲ, ಅಂಥದ್ದರಲ್ಲಿ ಮಗಳೇ ಹೊಲದಲ್ಲಿ ಉಳೀತೀನಿ ಅಂದರೆ ಜನ ಏನಂತಾರೆ ಅನ್ನೋದು ಅವರ ಸಂಕಟ. ಅಜ್ಜಿ ತೆಲುಗಲ್ಲಿ ಬೈತಾರೆ, ಅದನ್ನ ಇಲ್ಲಿ ಬರೆಯೋದು ಬೇಡ. ಅಮ್ಮ ಏನೂ ಅನ್ನಲ್ಲ. ನಾಲ್ಕನೇ ಜ್ವರ ಎದ್ದ ಮೇಲೆ ಹುಳಕ್ಕೆ ರಾತ್ರಿ ಸೊಪ್ಪು ಹಾಕೋರು ಅಮ್ಮನೇ, ನಾನು ಚಿಕ್ಕವಳಿದ್ದಾಗಿಂದ. ಅವರ ಹೆಸರಲ್ಲಿ ಒಂದು ಗುಂಟೆ ಇಲ್ಲ, ಮಾರ್ಕೆಟ್ ದುಡ್ಡು ಬರೋದೂ ಅಪ್ಪನ ಖಾತೆಗೆ.

ಈಗ ಆಷಾಢ ಅಂತ ಎಲ್ಲಾ ನಿಂತಿದೆ. ಶ್ರಾವಣ ಬಿದ್ದ ತಕ್ಷಣ ಒಪ್ಪಿಗೆ ಶಾಸ್ತ್ರ ಮಾಡಬೇಕು ಅಂತ ಅವರ ಕಡೆಯಿಂದ ಫೋನ್ ಮೇಲೆ ಫೋನ್.

ಮದುವೆ ಬೇಡವೇ ಬೇಡ ಅಂತ ನಾನು ಹೇಳ್ತಿಲ್ಲ. ಎರಡು ವರ್ಷ ಟೈಮ್ ಕೊಡಿ, ಮದುವೆಗೆ ಇಟ್ಟಿರೋದರಲ್ಲಿ ನಾಲ್ಕು ಲಕ್ಷ ಕೊಡಿ, ಹಳೇ ಹುಳದ ಮನೆ ಕೊಡಿ. ಇಷ್ಟೇ ನಾನು ಕೇಳೋದು. ಇದನ್ನ ಅಪ್ಪನ ಮುಂದೆ ಹೇಗೆ ಇಡಲಿ? ಅಥವಾ ಇಂಥ ಹುಡುಗ ಮತ್ತೆ ಸಿಗಲ್ಲ ಅಂತ ಸುಮ್ಮನೆ ಒಪ್ಪಿಕೊಳ್ಳೋದಾ? ಅನುಭವ ಇರೋರು ಹೇಳಿ. "ನಿನ್ನ ಮನಸ್ಸು ಹೇಳಿದ್ದು ಕೇಳು" ಅನ್ನೋ ಉತ್ತರ ದಯವಿಟ್ಟು ಬೇಡ, ಮನಸ್ಸು ಎರಡೂ ಹೇಳ್ತಿದೆ.

ಮಾಲೂರು ಅಕ್ಕ ಬರೆದದ್ದು:

ತಂಗಿ, ನಾನು ಮಾಲೂರಿಂದ ಮದುವೆಯಾಗಿ ಬೆಂಗಳೂರಿಗೆ ಹೋದವಳು, ಈಗ ನನ್ನ ಮಗಳೇ ಪಿಯುಸಿ. ಟೆರೇಸ್ ಮಾತನ್ನ ಅಷ್ಟು ದೊಡ್ಡದು ಮಾಡಬೇಡ. ಬೆಂಗಳೂರಲ್ಲಿ ಹುಟ್ಟಿದ ಹುಡುಗನಿಗೆ ಸೊಪ್ಪು ಅಂದರೆ ಮಾರ್ಕೆಟ್ಟಿನ ದಂಟಿನ ಸೊಪ್ಪು. ಅವನಿಗೆ ಗೊತ್ತಿಲ್ಲ, ಅಷ್ಟೆ. ಗೊತ್ತಾದ ಮೇಲೆ ಏನಂತಾನೆ ಅನ್ನೋದು ಮುಖ್ಯ. ನೀನು ಅವನಿಗೆ "ನನಗೆ ಚಾಕಿ ಕೇಂದ್ರ ಇಷ್ಟ" ಅಂದಿದೀಯ. "ನಾನು ವಾರದಲ್ಲಿ ಬಹುಪಾಲು ದಿನ ಶಿಡ್ಲಘಟ್ಟದಲ್ಲೇ ಇರಬೇಕಾಗುತ್ತೆ, ನಿಮಗೆ ಸರಿನಾ" ಅಂತ ಕೇಳಿದೀಯಾ? ಇಷ್ಟ ಅನ್ನೋದಕ್ಕೆ ಎಲ್ಲರೂ ತಲೆ ಆಡಿಸ್ತಾರೆ. ನಮ್ಮೆಜಮಾನ್ರೂ ನನ್ನ ಟೈಲರಿಂಗ್‌ಗೆ ತಲೆ ಆಡಿಸಿದ್ದರು. ಮಷೀನು ಇವತ್ತಿಗೂ ಮಂಚದ ಕೆಳಗಿದೆ.

ಇನ್ನೊಂದು. ಯಲಹಂಕ ಅಮೆರಿಕ ಏನಲ್ಲ. ದೇವನಹಳ್ಳಿ, ವಿಜಯಪುರ ದಾಟಿದರೆ ನಿಮ್ಮೂರು. ಬಸ್ಸು ಹೆಂಗಸರಿಗೆ ಫ್ರೀ, ಚಿಂತಾಮಣಿ ಕಡೆ ರೈಲೂ ಯಲಹಂಕದ ಮೇಲೇ ಹೋಗುತ್ತೆ. ಮದುವೆಯಾಗಿಯೂ ಓಡಾಡ್ಕೊಂಡು ಮಾಡೋ ದಾರಿ ಇದೆಯಾ ಅಂತ ಒಮ್ಮೆ ಲೆಕ್ಕ ಹಾಕಿ ನೋಡು.

ಸೊಪ್ಪಿನ ತೋಟ:

ಅಕ್ಕ, ಓಡಾಡಿದರೆ ಆಗಲ್ಲ. ಹುಳಕ್ಕೆ ಬೆಳಿಗ್ಗೇನೂ ಸೊಪ್ಪು ಬೇಕು, ಸಂಜೇನೂ ಬೇಕು, ಕಾವು 27-28 ಡಿಗ್ರಿಯಿಂದ ಆಚೀಚೆ ಆಗಬಾರದು, ತೇವ ಬಿಡಬಾರದು. ಜ್ವರಕ್ಕೆ ಕೂತಾಗ ಸೊಪ್ಪು ನಿಲ್ಲಿಸಿ ಹಾಸಿಗೆ ಒಣಗಿಸಬೇಕು, ಎದ್ದಾಗ ಒಂದೇ ಸಮ ಎದ್ದಿವೆಯಾ ನೋಡಿ ಹಾಕಬೇಕು. ಕೆಲಸದವರ ಕೈಗೆ ಬಿಟ್ಟು ರೈಲು ಹತ್ತೋದು ಮೊದಲ ಎರಡು ವರ್ಷ ಅಂತೂ ಸಾಧ್ಯವೇ ಇಲ್ಲ. ಆದರೆ ನೇರವಾಗಿ ಕೇಳು ಅಂದ್ರಲ್ಲ, ಅದು ಸರಿ. ಅವನ ನಂಬರ್ ಇದೆ.

ಗೌರಿಬಿದನೂರು ಕಡೆಯವನು ಬರೆದದ್ದು:

ನನಗೂ ಇಬ್ಬರು ಹೆಣ್ಣುಮಕ್ಕಳು. ನಿಮ್ಮಪ್ಪನ ಪರವಾಗಿ ನಾಲ್ಕು ಮಾತು ಆಡ್ತೀನಿ, ಬೇಜಾರು ಮಾಡ್ಕೋಬೇಡಮ್ಮ.

ಜನ ಏನಂತಾರೆ ಅನ್ನೋದು ಹೊರಗೆ ಹೇಳೋ ಕಾರಣ. ಒಳಗಿನ ಭಯ ಬೇರೆ. ಒಂದನೇದು ನೀರು. ನಮ್ಮ ಕೋಲಾರ, ಚಿಕ್ಕಬಳ್ಳಾಪುರ ಎರಡೂ ಜಿಲ್ಲೇಲಿ ಸಾವಿರ ಅಡಿ ದಾಟಿ ಕೊರೆಸಿದವರು ಎಷ್ಟು ಜನ ಇಲ್ಲ? ಎಚ್.ಎನ್. ವ್ಯಾಲಿ ನೀರು (ಬೆಂಗಳೂರಿನ ಕೊಳಚೆ ನೀರನ್ನ ಶುದ್ಧ ಮಾಡಿ ಕಳಿಸೋದು) ಕೆರೆಗಳಿಗೆ ಬಂದ ಮೇಲೆ ಕೆಲವು ಕಡೆ ಬೋರ್ ಸುಧಾರಿಸಿದೆ ಅಂತಾರೆ, ನಿಮ್ಮ ಕೆರೆಗೆ ಬಂದಿದೆಯಾ? ಮಗಳು ಸಾಲ ಮಾಡಿ ಶೆಡ್ ಕಟ್ಟಿ, ಆ ವರ್ಷವೇ ಬೋರ್ ನಿಂತರೆ? ರೇಷ್ಮೆ ರೇಟು ಕೂಡ ಅಷ್ಟೇ, ಒಂದು ಲಾಟ್ ನಗಿಸುತ್ತೆ, ಇನ್ನೊಂದು ಅಳಿಸುತ್ತೆ. ಹಾಗಾಗಿ ಅಪ್ಪನಿಗೆ ಸಂಬಳ ಬರೋ ಅಳಿಯನೇ ಕಣ್ಣಿಗೆ ಬೀಳೋದು.

ಎರಡನೇದು ನಿನ್ನ ತಮ್ಮ. ಇವತ್ತು ಮೂಗು ಮುಚ್ಕೊಳ್ಳೋ ಹುಡುಗ ನಾಳೆ ಮದುವೆಯಾಗಿ ಬಂದಾಗ, ನೀನು ಕಟ್ಟಿದ ಕೇಂದ್ರ ಚೆನ್ನಾಗಿ ನಡೀತಿದ್ದರೆ, ಜಮೀನು ನಂದು ಅಂತಾನೆ. ಅವನು ಅನ್ನದಿದ್ದರೆ ಅವನ ಮಾವನ ಮನೆಯವರು ಅಂತಾರೆ. ನನ್ನ ಅಕ್ಕನಿಗೇ ಹೀಗಾಗಿದ್ದನ್ನ ನಾನು ನೋಡಿದೀನಿ. ತವರಲ್ಲಿ ಬೆವರು ಸುರಿಸಿ ಕೊನೆಗೆ ಬರಿಗೈಲಿ ಹೋದಳು. ನಿಮ್ಮಪ್ಪ ಇದನ್ನ ಬಾಯಿಬಿಟ್ಟು ಹೇಳಲ್ಲ, ಮಗನ ಬಗ್ಗೆ ಹೇಗೆ ಹೇಳ್ತಾರೆ? ಆದ್ದರಿಂದ ಮೊದಲು ತಮ್ಮನನ್ನ ಕೂರಿಸ್ಕೊಂಡು ಮಾತಾಡು, ಆಮೇಲೆ ಅಪ್ಪ.

ಹುಡುಗ ಒಳ್ಳೆಯವನು ಅಂತೀಯ. ನನ್ನ ಕೇಳಿದರೆ ಒಪ್ಕೋ ಅಂತಲೇ ಹೇಳ್ತೀನಿ. ಇಲ್ಲಿ ಎಲ್ಲರೂ ನನ್ನ ಮೇಲೆ ಬೀಳ್ತಾರೆ ಅಂತ ಗೊತ್ತು.

ಒಂಟಿ ಎತ್ತು ಬರೆದದ್ದು:

ವಯಸ್ಸು 33, ಮುಳಬಾಗಿಲು ತಾಲ್ಲೂಕು, ಮೂರು ಎಕರೆ ಟೊಮೇಟೊ, ಒಂದು ಎಕರೆ ಸೊಪ್ಪು, ಹೆಣ್ಣು ಸಿಕ್ಕಿಲ್ಲ. 2023ರಲ್ಲಿ ಮಂಡ್ಯ ಕಡೆ ಹುಡುಗರು ಹೆಣ್ಣು ಸಿಗಲಿ ಅಂತ ಮಾದಪ್ಪನ ಬೆಟ್ಟಕ್ಕೆ ಪಾದಯಾತ್ರೆ ಹೋದಾಗ ನಮ್ಮೂರಲ್ಲಿ ಎಲ್ಲರೂ ನಕ್ಕರು, ನಾನು ಮಾತ್ರ ಚಪ್ಪಲಿ ಹುಡುಕ್ತಿದ್ದೆ. ಹುಳ ಸಾಕ್ತೀನಿ, ಊರು ಬಿಡಲ್ಲ ಅನ್ನೋ ಹುಡುಗಿ ಭೂಮಿ ಮೇಲೆ ಇದಾಳೆ ಅಂತ ಇವತ್ತು ಗೊತ್ತಾಯ್ತು. ಬಯೋಡೇಟಾ ಕಳಿಸಲಾ?

ತಮಾಷೆ ಸಾಕು. ನಮ್ಮ ಮನೇಲಿ ನನಗೆ ಹೆಣ್ಣು ನೋಡೋಕೆ ಹೋದಾಗ ಆ ಕಡೆಯವರು ಕೇಳೋ ಪ್ರಶ್ನೆ ಒಂದೇ, "ಬೆಂಗಳೂರಲ್ಲಿ ಮನೆ ಇದೆಯಾ?" ಹುಡುಗೀನ ಕೇಳಿ ಅಂದ್ರೆ ಹುಡುಗಿ ಒಳಗಿರ್ತಾಳೆ. ಹಾಗಾಗಿ ನೀವು ಹೊರಗೆ ಬಂದು ಹೇಳ್ತಿರೋದು ನನಗಂತೂ ಖುಷಿ.

ಸೊಪ್ಪಿನ ತೋಟ:

ಬಯೋಡೇಟಾ ಬೇಡ ಅಣ್ಣ. ಸೊಪ್ಪು ಒಂದು ಎಕರೆ ಇದೆ ಅಂದ್ರಲ್ಲ, ಚಾಕಿ ಎಲ್ಲಿಂದ ತರ್ತೀರಿ?

ಒಂಟಿ ಎತ್ತು:

ನೋಡಿ, ಮದುವೆ ಮಾತಾಡಿದರೆ ಗಿರಾಕಿ ಮಾಡ್ಕೊಂಡ್ರು.

ಕರಿ ಕೋಟು (ಚಿಂತಾಮಣಿ) ಬರೆದದ್ದು:

ಮೇಲೆ ಗೌರಿಬಿದನೂರಿನವರು ಎತ್ತಿದ ತಮ್ಮನ ವಿಷಯ ಸುಮ್ಮನೆ ಬಿಡೋದಲ್ಲ. ಕಾನೂನು ಏನು ಅಂತ ಹೇಳಿಬಿಡ್ತೀನಿ.

ಜಮೀನು ಪಿತ್ರಾರ್ಜಿತ ಆಗಿದ್ದರೆ ಹುಟ್ಟಿನಿಂದಲೇ ನಿಮಗೂ ತಮ್ಮನಷ್ಟೇ ಪಾಲು. ನಮ್ಮ ರಾಜ್ಯದಲ್ಲಿ 1994ರಲ್ಲೇ ಮದುವೆಯಾಗದ ಹೆಣ್ಣುಮಕ್ಕಳಿಗೆ ಈ ಹಕ್ಕು ಬಂತು, 2005ರ ಕೇಂದ್ರ ತಿದ್ದುಪಡಿ ಮದುವೆ ಆಗಿದೆಯೋ ಇಲ್ಲವೋ ಅನ್ನೋ ಭೇದ ತೆಗೆದುಹಾಕಿತು, 2020ರಲ್ಲಿ ವಿನೀತಾ ಶರ್ಮಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಉಳಿದಿದ್ದ ಗೊಂದಲವನ್ನೂ ಬಿಡಿಸಿತು. ಅಂದರೆ ನೀವು ಯಲಹಂಕಕ್ಕೆ ಹೋದರೂ ಪಾಲು ಹೋಗಲ್ಲ, ಊರಲ್ಲಿ ಉಳಿದರೂ ಹೆಚ್ಚಾಗಲ್ಲ. ಅಪ್ಪ ಸ್ವಂತ ದುಡಿಮೆಯಿಂದ ಕೊಂಡದ್ದಾದರೆ ಬೇರೆ ಮಾತು, ಅದು ಅವರಿಷ್ಟ.

ಆದರೆ ಪಾಲಿನ ಮಾತು ಈಗ ಎತ್ತಬೇಡಿ. ನಮ್ಮ ಆಫೀಸಿಗೆ ಬರೋ ವಿಭಾಗದ ದಾವೆಗಳಲ್ಲಿ ಮೊದಲ ನೋಟಿಸ್ ಹೋದ ದಿನವೇ ಹಬ್ಬಕ್ಕೆ ಕರೆಯೋದು ನಿಲ್ಲುತ್ತೆ. ನಿಮಗೆ ಬೇಕಿರೋದು ಕೇಂದ್ರ ನಡೆಸೋಕೆ ಒಂದು ಜಾಗ, ಅದಕ್ಕೊಂದು ಕಾಗದ. "ಲೀಸ್ ಮಾಡ್ಕೋ" ಅಂತ ಯಾರಾದರೂ ಹೇಳಿದರೆ ಜೋಪಾನ, ಕೃಷಿ ಜಮೀನು ಗೇಣಿಗೆ ಕೊಡೋದನ್ನ ಕರ್ನಾಟಕ ಭೂಸುಧಾರಣಾ ಕಾಯ್ದೆ ಸಾಮಾನ್ಯವಾಗಿ ಒಪ್ಪಲ್ಲ. ಅಪ್ಪನಿಗೆ ಮನಸ್ಸಿದ್ದರೆ ಶೆಡ್ ಇರೋ ಹತ್ತು ಗುಂಟೆ ನಿಮ್ಮ ಹೆಸರಿಗೆ ಬರೋ ಹಾಗೆ ಒಂದು ಪತ್ರ. ಸ್ವಂತದ್ದಾದರೆ ದಾನಪತ್ರ, ಪಿತ್ರಾರ್ಜಿತವಾದರೆ ತಮ್ಮನೂ ಸಹಿ ಹಾಕಿದ ವಿಭಾಗಪತ್ರ. ನೋಂದಣಿ ಆಗಿರಬೇಕು. ಬಿಳಿ ಹಾಳೆ ಮೇಲೆ ಊರ ಹಿರಿಯರ ಸಹಿ ಹಾಕಿಸಿ ಇಟ್ಕೊಂಡವರು ಆಮೇಲೆ ನನ್ನ ಹತ್ತಿರವೇ ಬರ್ತಾರೆ. ಬ್ಯಾಂಕಿನವರೂ ಸಬ್ಸಿಡಿಯವರೂ ಮೊದಲು ಕೇಳೋದು ಪಹಣಿ ಯಾರ ಹೆಸರಲ್ಲಿದೆ ಅಂತಲೇ.

"ನಾವೇನೂ ಕೇಳಲ್ಲ" ಅನ್ನೋರ ಬಗ್ಗೆ: ವರದಕ್ಷಿಣೆ ನಿಷೇಧ ಕಾಯ್ದೆ ಬಂದಿದ್ದು 1961ರಲ್ಲಿ. ಕೊಡೋದೂ ಅಪರಾಧ. ಇದನ್ನ ನಿಮ್ಮಪ್ಪನಿಗೆ ಹೇಳಿದರೆ ಕೇಳ್ತಾರಾ? ಕೇಳಲ್ಲ. ಆದರೂ ಹೇಳೋದು ನನ್ನ ಕೆಲಸ.

ಚಾಕಿ ಮನೆ ಬರೆದದ್ದು:

ನಾನು ಇದೇ ಕಸುಬು ಮಾಡ್ತಿರೋನು, ಊರು ಬೇಡ, ನಿಮ್ಮ ತಾಲ್ಲೂಕಿಂದ ದೂರ ಏನಿಲ್ಲ. ಎಲ್ಲರೂ ಮದುವೆ ಬಗ್ಗೆ ಹೇಳಿದರು, ಚಾಕಿ ಬಗ್ಗೆ ಯಾರೂ ಹೇಳಲಿಲ್ಲ, ಅದನ್ನ ನಾನು ಹೇಳ್ತೀನಿ.

ನಿಮ್ಮ ಯೋಜನೇಲಿ ಒಂದು ತೂತು ಇದೆ. ತೋಟ. ಒಂದು ಬ್ಯಾಚಿಗೆ ಐದು ಸಾವಿರ ಮೊಟ್ಟೆ (ಒಂದು ಚಿಟ್ಟೆ ಇಟ್ಟ ಮೊಟ್ಟೆಗಳ ಗುಂಪನ್ನ ಒಂದು ಮೊಟ್ಟೆ ಅಂತ ಲೆಕ್ಕ ಹಾಕ್ತೀವಿ) ಮಾಡೋ ಕೇಂದ್ರಕ್ಕೆ ಸುಮಾರು ಎರಡು ಎಕರೆ ಚಾಕಿ ತೋಟವೇ ಬೇರೆ ಬೇಕು. ನಿಮ್ಮನೇಲಿರೋದು ಒಂದೂವರೆ ಎಕರೆ ವಿ-1, ಅದು ಅಪ್ಪ ದೊಡ್ಡ ಹುಳಕ್ಕೆ ಕೊಯ್ಯೋ ಸೊಪ್ಪು. ಚಾಕಿಗೆ ಎಳೇ ಎಲೆ ಬೇಕು, ಎಸ್-36 ಥರದ ತಳಿ ಹಾಕಿ, ಕಟಾವಿನ ದಿನ ಲೆಕ್ಕ ಹಾಕಿ, ಗೊಬ್ಬರ ಚೆನ್ನಾಗಿ ಕೊಟ್ಟು ಬೆಳೆಸಬೇಕು. ಒಂದೇ ತೋಟದಲ್ಲಿ ಎರಡೂ ಮಾಡೋಕೆ ಹೋದರೆ ಎರಡೂ ಕೆಡುತ್ತೆ. ಅಂದ್ರೆ ನೀವು ಅಪ್ಪನ ಹತ್ತಿರ ಹಳೇ ಹುಳದ ಮನೆ ಕೇಳ್ತಿದೀನಿ ಅಂದ್ಕೊಂಡಿದೀರಿ, ಅಪ್ಪನಿಗೆ ಕೇಳಿಸ್ತಿರೋದು "ನಿನ್ನ ಬೆಳೆ ಬಿಟ್ಟುಬಿಡು" ಅಂತ. ಅವರು ಬೇಡ ಅನ್ನೋಕೆ ಇದೂ ಒಂದು ಕಾರಣ ಇರಬಹುದು, ಹುಳ ಸಾಕೋನಿಗೆ ಈ ಲೆಕ್ಕ ಗೊತ್ತಿಲ್ಲದೆ ಇರುತ್ತಾ? ರಾಗಿ ಹಾಕೋ ಒಂದು ಎಕರೇಲಿ ಅರ್ಧಕ್ಕೆ ಹನಿ ನೀರಾವರಿ ಎಳೆದು ಚಾಕಿ ತೋಟ ಮಾಡಿ. ಸಾವಿರ, ಸಾವಿರದಿನ್ನೂರು ಮೊಟ್ಟೆ ಬ್ಯಾಚಿಂದ ಶುರು ಮಾಡಿ. ಅಪ್ಪನ ಸೊಪ್ಪು ಮುಟ್ಟಬೇಡಿ.

ಗಿರಾಕಿ. ನಿಮ್ಮೂರು, ಸುತ್ತಲ ಊರುಗಳಲ್ಲಿ ಯಾರು ಎಷ್ಟು ಮೊಟ್ಟೆ ಸಾಕ್ತಾರೆ, ಎಷ್ಟು ದಿನಕ್ಕೊಂದು ಬೆಳೆ, ಹಳದಿ ಗೂಡಿನ ಮಿಶ್ರತಳಿ ಸಿ.ಬಿ.ನೋ ಬಿಳಿ ಗೂಡಿನ ಬೈವೋಲ್ಟೀನೋ, ಈಗ ಚಾಕಿ ಎಲ್ಲಿಂದ, ನೀವು ಕೊಟ್ಟರೆ ತಗೋತಾರಾ, ಇದನ್ನ ಮನೆ ಮನೆಗೆ ಹೋಗಿ ಒಂದು ನೋಟ್ ಬುಕ್ಕಲ್ಲಿ ಬರ್ಕೊಳ್ಳಿ. ಮುಖ್ಯವಾಗಿ, ದುಡ್ಡು ಯಾವಾಗ ಕೊಡ್ತಾರೆ ಅಂತ ಕೇಳಿ. "ಗೂಡು ಮಾರಿದ ಮೇಲೆ ಕೊಡ್ತೀನಿ" ಅನ್ನೋರೇ ಎಲ್ಲಾ. ಗೂಡು ಕೆಟ್ಟರೆ ನಿಮ್ಮ ಚಾಕಿಯಿಂದಲೇ ಕೆಟ್ಟಿತು ಅಂತಾರೆ, ಅವರ ಮನೇಲಿ ಹುಳ ಕೊಲ್ಲೋ ಊಜಿ ನೊಣ ಸುತ್ತಾಡ್ತಿದ್ದರೂ, ಸುಣ್ಣ ಬ್ಲೀಚಿಂಗ್ ಹಾಕಿ ತೊಳೆಯದಿದ್ದರೂ. ಸಾಲ ವಸೂಲಿಗೆ ಸಂಬಂಧಿಕರ ಮನೆ ಬಾಗಿಲಿಗೆ ಹೋಗೋ ಧೈರ್ಯ ಇದೆಯಾ ಯೋಚನೆ ಮಾಡಿ. ಸ್ವಂತ ಊರಲ್ಲಿ ವ್ಯಾಪಾರ ಮಾಡೋದರ ಕಷ್ಟ ಅದು.

ಕೇಂದ್ರ ರೇಷ್ಮೆ ಮಂಡಳಿ ಕಾಯ್ದೆ 2006ರಲ್ಲಿ ತಿದ್ದುಪಡಿ ಆದ ಮೇಲೆ ಚಾಕಿ ಸಾಕೋರಿಗೂ ನೋಂದಣಿ ಬೇಕು. ಮೈಸೂರಿನ ಕೇಂದ್ರೀಯ ರೇಷ್ಮೆ ಸಂಶೋಧನಾ ಮತ್ತು ತರಬೇತಿ ಸಂಸ್ಥೆಯಲ್ಲಿ ಚಾಕಿಗೇ ಅಂತ ತರಬೇತಿ ಕೊಡ್ತಾರೆ, ನಿಮ್ಮ ಡಿಗ್ರಿ ಜೊತೆಗೆ ಅದೂ ಇರಲಿ. ಮೊಟ್ಟೆ ಮಾತ್ರ ನೋಂದಾಯಿತ ಬಿತ್ತನೆ ಕೋಠಿಯಿಂದಲೇ (ಮೊಟ್ಟೆ ತಯಾರಿಸೋ ಕಡೆಯಿಂದಲೇ) ತನ್ನಿ, ಮೊಟ್ಟೆ ಮೂಲಕ ಬರೋ ಗಂಟು ರೋಗ ಹೊಕ್ಕಿತು ಅಂದ್ರೆ ಕಸುಬು ಮುಗೀತು.

ಇನ್ನೊಂದು ಮಾತು. ನೀವು ಕಾಲೇಜಲ್ಲಿ ಮಾಡಿದ್ದು ಬೇರೆ, ಬ್ಯಾಚ್ ಮೇಲೆ ಬ್ಯಾಚ್ ಹಾಕೋದು ಬೇರೆ. ಮೊದಲು ಯಾವುದಾದರೂ ಕೇಂದ್ರದಲ್ಲಿ ಸಂಬಳಕ್ಕೆ ಸೇರಿ. ನನ್ನಲ್ಲೇ ಜಾಗ ಇದೆ, ಹೆಂಗಸರೇ ಜಾಸ್ತಿ ಇರೋದು, ನನ್ನ ಹೆಂಡತಿಯೇ ಮೇಸ್ತ್ರಿ. ಅಪ್ಪನನ್ನ ಕರ್ಕೊಂಡು ಬನ್ನಿ, ಅವರು ಒಳಗೆ ಬಂದು ನೋಡಲಿ. ಬೀಡಿ ಸೇದೋ ಅಭ್ಯಾಸ ಇದ್ದರೆ ಬಾಗಿಲಾಚೆಗೇ ನಿಲ್ಲಬೇಕಾಗುತ್ತೆ, ಮೊದಲೇ ಹೇಳಿರ್ತೀನಿ.

ಮಾಲೂರು ಅಕ್ಕ:

ಇದು ಉತ್ತರ ಅಂದ್ರೆ. ತಂಗಿ, ಅಪ್ಪನಿಗೆ "ಎರಡು ವರ್ಷ ಬೇಕು" ಅಂದರೆ ಮದುವೆ ಮುಂದೂಡೋ ನೆಪ ಅಂತ ಕೇಳಿಸುತ್ತೆ. "ಇಂಥ ಕಡೆ ಕೆಲಸಕ್ಕೆ ಸೇರ್ತಿದೀನಿ, ಬಂದು ನೋಡಿ" ಅಂದರೆ ಕೆಲಸ ಅಂತ ಕೇಳಿಸುತ್ತೆ. ಸಂಬಳದ ಪಾಸ್ ಬುಕ್ ಮೊದಲು ಅಮ್ಮನ ಕೈಗೆ ಕೊಡು.

ಸೊಪ್ಪಿನ ತೋಟ:

ಎಲ್ಲರಿಗೂ ಥ್ಯಾಂಕ್ಸ್. ಆದದ್ದು ಹೇಳ್ತೀನಿ.

ಹುಡುಗನಿಗೆ ಫೋನ್ ಮಾಡಿದೆ, ಅಕ್ಕ ಹೇಳಿದ ಪ್ರಶ್ನೆಯನ್ನೇ ಕೇಳಿದೆ. ಸ್ವಲ್ಪ ಹೊತ್ತು ಸುಮ್ಮನಿದ್ದು, "ನಮ್ಮಮ್ಮನಿಗೆ ಮಂಡಿ ನೋವು, ಮನೇಲಿ ಒಬ್ಬರು ಇರಲೇಬೇಕು, ಅದಕ್ಕೇ ಈ ವರ್ಷ ಮದುವೆ ಅಂತ ಹೊರಟಿದ್ದು" ಅಂದ. ಆಮೇಲೆ "ನೀವು ಕೇಳಿದ್ದು ಒಳ್ಳೇದಾಯ್ತು" ಅಂತಲೂ ಅಂದ. ಕೋಪ ಇರಲಿಲ್ಲ ಅವನ ದನೀಲಿ. ಫೋನ್ ಇಟ್ಟ ಮೇಲೆ ಅತ್ತೆ, ಅದನ್ನೂ ಹೇಳಿಬಿಡ್ತೀನಿ. ಅವನ ಕಡೆಯಿಂದ ಇನ್ನೂ ಬೇಡ ಅಂತ ಬಂದಿಲ್ಲ, ನಮ್ಮ ಕಡೆಯಿಂದ ನಾನೇ ಅಪ್ಪನಿಗೆ ಹೇಳಿದೆ, ಈ ಸಂಬಂಧ ಆಗಲ್ಲ ಅಂತ.

ಅಪ್ಪ ನನ್ನ ಹತ್ತಿರ ಮಾತು ಬಿಟ್ಟಿದ್ದಾರೆ. ಹುಳ ಮೂರನೇ ಜ್ವರದಲ್ಲಿದೆ, ಹಾಗಾಗಿ "ಸೊಪ್ಪು ಸಾಕಾ", "ಸುಣ್ಣ ಹೊಡೆದೆಯಾ" ಇಷ್ಟು ಮಾತು ನಡೆಯುತ್ತೆ. ಅಜ್ಜಿ ಬೈಯೋದು ಜಾಸ್ತಿ ಆಗಿದೆ. ಚಿಕ್ಕಮ್ಮ ಯಾವುದೋ ದೇವಸ್ಥಾನದಿಂದ ದಾರ ತಂದು ಕಟ್ಟಿದ್ದಾರೆ.

ತಮ್ಮನ ಹತ್ತಿರ ಮಾತಾಡಿದೆ, ಗೌರಿಬಿದನೂರಿನ ಅಣ್ಣ ಹೇಳಿದ್ದಕ್ಕೆ. ಅವನು "ನನಗೆ ಜಮೀನು ಬೇಡ, ನೀನೇ ಇಟ್ಕೋ" ಅಂದ. ಇಪ್ಪತ್ತು ವರ್ಷದ ಹುಡುಗನ ಮಾತು, ಅದನ್ನ ನಾನು ಹಿಡ್ಕೊಳ್ಳೋಕೆ ಹೋಗಲ್ಲ. ಕಾಗದ ಬೇಕು ಅಂತ ಅವನಿಗೂ ಹೇಳಿದೀನಿ. ಜಮೀನು ತಾತನ ಕಾಲದ್ದು, ಪಿತ್ರಾರ್ಜಿತ.

ಅಮ್ಮ ಒಂದು ಕೆಲಸ ಮಾಡಿದರು. ನಾನು ನೋಟ್ ಬುಕ್ ತಗೊಂಡು ಹೊರಟಾಗ "ಒಬ್ಬಳೇ ಹೋದರೆ ಸರಿ ಉತ್ತರ ಕೊಡಲ್ಲ" ಅಂತ ಸೆರಗು ಸಿಗಿಸ್ಕೊಂಡು ಜೊತೆಗೆ ಬಂದರು. ಯಾರ ಮನೇಲಿ ಎಷ್ಟು ತಟ್ಟೆ, ಯಾರಿಗೆ ಹೋದ ಬೆಳೆ ಹಾಲುತೊಂಡೆ ರೋಗ ಬಂದು ಕೆಟ್ಟಿತು, ಯಾರು ಸಾಲ ತೀರಿಸ್ತಾರೆ, ಯಾರು ತೀರಿಸಲ್ಲ, ಎಲ್ಲಾ ಅವರಿಗೆ ಬಾಯಲ್ಲೇ ಇದೆ. ಬುಕ್ಕಲ್ಲಿ ಕೆಲವು ಹೆಸರಿನ ಪಕ್ಕ "ಕೈ ಮೇಲೆ ದುಡ್ಡು ಇಟ್ಟರೆ ಮಾತ್ರ" ಅಂತ ಬರೆಸಿದರು. ಅದರಲ್ಲಿ ಒಬ್ಬರು ನಮ್ಮ ಸ್ವಂತ ದೊಡ್ಡಪ್ಪ.

ಚಾಕಿ ಮನೆ ಅಣ್ಣ, ಈ ಬೆಳೆ ಗೂಡು ಬಿಡಿಸಿ ಮಾರ್ಕೆಟ್ಟಿಗೆ ಹಾಕಿದ ಮೇಲೆ ನಾನೂ ಅಮ್ಮನೂ ಬರ್ತೀವಿ. ಅಪ್ಪ ಬರ್ತಾರೋ ಇಲ್ಲವೋ ಗೊತ್ತಿಲ್ಲ. ಅವರು ಬೀಡಿ ಸೇದಲ್ಲ, ಎಲೆಅಡಿಕೆ ಹಾಕ್ತಾರೆ, ಅದು ನಡೆಯುತ್ತಾ? ಇನ್ನೊಂದು ಕೇಳಬೇಕಿತ್ತು. ಹಳೇ ಹುಳದ ಮನೆಗೆ ಮೇಲೆ ಸಿಮೆಂಟ್ ಶೀಟು, ಮಧ್ಯಾಹ್ನ ಒಳಗೆ ಕಾವು ತಡೆಯೋಕಾಗಲ್ಲ. ದೊಡ್ಡ ಹುಳದ ಮನೆಯಿಂದ ಇಪ್ಪತ್ತು ಹೆಜ್ಜೆ ದೂರ ಇರಬಹುದು. ಅದನ್ನೇ ಚಾಕಿಗೆ ಮಾಡಬಹುದಾ, ಇಲ್ಲಾ ಬೇರೆ ಕಡೆ ಕಟ್ಟಬೇಕಾ?

ಚಾಕಿ ಮನೆ:

ಎಲೆಅಡಿಕೆ ಸರಿ, ಹೊಗೆಸೊಪ್ಪು ಇದ್ದರೆ ಆಚೆ ಉಗಿದು ಬಾಯಿ ಕೈ ತೊಳ್ಕೊಂಡು ಬರಬೇಕು. ಇಪ್ಪತ್ತು ಹೆಜ್ಜೆ ಬಹಳ ಹತ್ತಿರ ಆಯ್ತು, ಅಲ್ಲಿನ ರೋಗ ಇಲ್ಲಿಗೆ ಬರೋಕೆ ಗಾಳಿ ಸಾಕು. ಜಾಗ ಇದ್ದರೆ ರಾಗಿ ಹೊಲದ ಆ ತುದೀಲಿ ಸಣ್ಣದಾಗಿ ಹೊಸದು ಕಟ್ಟಿ. ಆಗೋದೇ ಇಲ್ಲ ಅಂದರೆ ಶೀಟಿನ ಕೆಳಗೆ ಒಂದು ಸೀಲಿಂಗ್ ಕಟ್ಟಿ, ಶೀಟಿನ ಮೇಲೆ ತೆಂಗಿನ ಗರಿ ಹೊದಿಸಿ. ಯಾವುದಕ್ಕೂ ಮೊದಲು ಒಳಗಿನ ಅಳತೆ ಹಾಕಿ, ಕಿಟಕಿ ಯಾವ ದಿಕ್ಕಿಗಿದೆ ಹೇಳಿ.